ಲಿಂಗಮ್ಮನ ಕಳೆದುಹೋದ ಎಮ್ಮೆ

ಸಿಂಗಟಗೆರೆಯ ಲಿಂಗಮ್ಮನ ಎಮ್ಮೆ ಕಳೆದುಹೋಗಲು ಶುರುವಾಗಿ ನಲವತ್ತು ವರ್ಷವಾಯಿತು. ವರ್ಷಕ್ಕೆ ನಾಲ್ಕೈದು ಸಲವಾದರೂ ಅದು ಕಳೆದುಹೋಗುತ್ತದೆ. ಕಪ್ಪು ಎಮ್ಮೆ, ಎಡಗೊಂಬು ಮುರಿದಿದೆ, ಕೊರಳಲ್ಲಿ ತುಂಡು ಹಗ್ಗ. ಇದನ್ನು ಹುಡುಕಿಕೊಂಡು ಲಿಂಗಮ್ಮ ಒಮ್ಮೆ ಅಂತರಘಟ್ಟೆಗೆ ಹೋಗಿದ್ದಳು, ಇನ್ನೊಮ್ಮೆ ತರೀಕೆರೆಯ ಆಚೆಗೂ ಹೋಗಿದ್ದಳು. ಸಿಂಗಟಗೆರೆಯ ಎಮ್ಮೆ ಎರಡು ಬಸ್ಸು ಬದಲಾಯಿಸಿ ತರೀಕೆರೆ ದಾಟಿದ್ದು ಹೇಗೆ ಎಂದು ಕೇಳುವ ಬುದ್ಧಿ ಇಷ್ಟು ವರ್ಷದಲ್ಲಿ ಯಾರಿಗೂ ಬರಲಿಲ್ಲ. ಕೇಳಿದವರೆಲ್ಲ ಅಯ್ಯೋ ಪಾಪ ಎಂದು ಜಗಲಿಯ ಮೇಲೆ ಕೂರಿಸಿ ಕಾಫಿ ಕೊಟ್ಟರು. ಲಿಂಗಮ್ಮನಿಗೆ ಬೇಕಾಗಿದ್ದದ್ದೂ ಆ ಜಗಲಿಯೇ.

ನಿಜ ಹೇಳಬೇಕೆಂದರೆ ಅವಳ ಮನೆಯಲ್ಲಿ ಎಮ್ಮೆ ಎಂಬುದು ಎಂದೂ ಇರಲಿಲ್ಲ. ಎರಡು ಹಸು, ನೂರಿಪ್ಪತ್ತು ತೆಂಗಿನ ಮರ, ಮೂರೆಕರೆ ಖುಷ್ಕಿ ಜಮೀನು, ಮಗ ನಾಗೇಶ, ಸೊಸೆ ಸುಲೋಚನ, ಇಷ್ಟೇ ಆ ಸಂಸಾರ. ಎಮ್ಮೆ ಹುಟ್ಟಿದ್ದು ಲಿಂಗಮ್ಮನ ಬಾಯಲ್ಲಿ, ಮೇಯುತ್ತಿದ್ದದ್ದು ಬೀಗರ ಊರಿನಲ್ಲಿ.

ಈ ಕಡೆ ಮದುವೆಗಳಲ್ಲಿ ಗಂಡಿನ ಕಡೆಯವರು ಊಟದ ಪಂಕ್ತಿಗೆ ಕೂತರೆ ಹೆಣ್ಣಿನ ಕಡೆಯ ಹೆಂಗಸರು ಹಾಡು ಹೇಳಿ ಅವರ ಕಾಲೆಳೆಯುವುದುಂಟು. ಬೀಗರ ಹಾಡು ಎನ್ನುತ್ತಾರೆ. ಬಡಿಸಿದ್ದು ಕಮ್ಮಿಯಾದರೆ ಬೀಗರು ಸುಮ್ಮನಿದ್ದಾರು, ಹಾಡಿನಲ್ಲಿ ತಮ್ಮ ಹೆಸರು ಬರದಿದ್ದರೆ ಮುಖ ಊದಿಸಿಕೊಳ್ಳುತ್ತಾರೆ. ಅಂಥ ಹಾಡು ಕಟ್ಟುವುದರಲ್ಲಿ ಲಿಂಗಮ್ಮನನ್ನು ಮೀರಿಸುವವರಿರಲಿಲ್ಲ. ನೆಂಟರ ಮದುವೆಯಿರಲಿ, ನೆಂಟರ ನೆಂಟರ ಮದುವೆಯಿರಲಿ, ಲಗ್ನಪತ್ರಿಕೆಗಿಂತ ಮೊದಲು ಅವಳಿಗೆ ಫೋನು ಬರುತ್ತಿತ್ತು.

ಅವಳ ಜಂಬವೂ ಒಂದಿತ್ತು. ಇಷ್ಟು ಹಾಡು ಎಲ್ಲಿಂದ ಬರುತ್ತವೆ ಎಂದು ಯಾರಾದರೂ ಕೇಳಿದರೆ ಸೆರಗು ಸರಿಮಾಡಿಕೊಂಡು, ಎಲೆಯಡಿಕೆಯನ್ನು ಒಂದು ಕೆನ್ನೆಯಿಂದ ಇನ್ನೊಂದು ಕೆನ್ನೆಗೆ ಕಳಿಸಿ, “ನಂಗೇನ್ ಗೊತ್ತವ್ವಾ, ಬಾಯ್ ತೆಗುದ್ರೆ ಬತ್ತವೆ” ಎನ್ನುತ್ತಿದ್ದಳು. ಕೇಳಿದವರು ಬಾಯಿ ಬಿಟ್ಟುಕೊಂಡು ನಂಬುತ್ತಿದ್ದರು.

ಅವು ಹೇಗೆ ಬರುತ್ತಿದ್ದವು ಎಂಬುದು ಸುಲೋಚನಳಿಗೆ ಮಾತ್ರ ಗೊತ್ತಿತ್ತು. ಮದುವೆಗೆ ಮೂರು ವಾರ ಇರುವಾಗ ಎಮ್ಮೆ ಕಳೆಯುತ್ತಿತ್ತು. ಲಿಂಗಮ್ಮ ಬಸ್ಸು ಹತ್ತಿ ಗಂಡಿನ ಊರಿಗೆ ಹೋಗಿ, ಎದುರು ಮನೆಯ ಜಗಲಿಯಲ್ಲಿ ಕೂತು, ಬೀಗ ಎಷ್ಟು ಸಲ ಮೀಸೆ ತಿರುವುತ್ತಾನೆ, ಬೀಗಿತ್ತಿ ಪಕ್ಕದ ಮನೆಗೆ ಹೋಗುವಾಗಲೂ ಎಷ್ಟು ಸರ ಹಾಕಿಕೊಳ್ಳುತ್ತಾಳೆ, ಗಂಡಿನ ಸೋದರಮಾವ ಹೊಸ ಬೈಕನ್ನು ಓಡಿಸುವುದಕ್ಕಿಂತ ಹೆಚ್ಚು ಒರೆಸುತ್ತಾನೆಯೇ, ಎಲ್ಲ ನೋಡಿಕೊಂಡು ಬರುತ್ತಿದ್ದಳು. ಬಂದವಳು ಹಿತ್ತಿಲಲ್ಲಿ ತೆಂಗಿನ ಗರಿ ಗುಡ್ಡೆ ಹಾಕಿಕೊಂಡು ಕಡ್ಡಿ ಬಿಡಿಸಲು ಕೂರುತ್ತಿದ್ದಳು. ಒಂದು ಕಡ್ಡಿಗೆ ಒಂದು ಸಾಲು. ಸಾಲು ಸರಿಬಂದರೆ ಕಡ್ಡಿ ಬಲಕ್ಕೆ, ಬರದಿದ್ದರೆ ಎಡಕ್ಕೆ. ಎಡಗಡೆಯ ರಾಶಿ ಯಾವಾಗಲೂ ದೊಡ್ಡದು. ಎರಡನ್ನೂ ಸೇರಿಸಿ ಪೊರಕೆ ಕಟ್ಟಿದರೆ ಒಂದು ಮದುವೆಗೆ ಆರೇಳು ಪೊರಕೆ ಆಗುತ್ತಿದ್ದವು. ಆ ಬೀದಿಯಲ್ಲಿ ಪೊರಕೆ ಕೊಂಡವರೇ ಇಲ್ಲ. ಯಾವ ಬೀಗರು ಎಷ್ಟು ಕಷ್ಟ ಕೊಟ್ಟರು ಎಂಬುದನ್ನು ಸುಲೋಚನ ಪೊರಕೆ ಎಣಿಸಿ ಹೇಳಬಲ್ಲವಳಾಗಿದ್ದಳು.

ಹಾಡಿನ ಪ್ರಾಸಕ್ಕಿಂತ ಲಿಂಗಮ್ಮನನ್ನು ಸುಸ್ತು ಮಾಡುತ್ತಿದ್ದದ್ದು ಬೇರೆ. ಮನುಷ್ಯ ಯಾವುದಕ್ಕೆ ಬೀಗುತ್ತಾನೋ ಅದರ ಮೇಲೆ ಹಾಡಬಹುದು, ಯಾವುದನ್ನು ಮುಚ್ಚಿಕೊಳ್ಳುತ್ತಾನೋ ಅದನ್ನು ಮುಟ್ಟಬಾರದು ಎಂಬುದು ಅವಳ ಕಟ್ಟುನಿಟ್ಟು. ಆ ಎರಡರ ನಡುವಿನ ಗೆರೆ ದೂರದಿಂದ ಕಾಣುವುದಿಲ್ಲ. ಒಬ್ಬ ಬೀಗನ ಕಪ್ಪು ಕೂದಲಿನ ಮೇಲೆ ಚೆಂದದ ಹಾಡು ಕಟ್ಟಿದ್ದಳು. ಎರಡನೇ ಸಲ ಎಮ್ಮೆ ಹುಡುಕಲು ಹೋದಾಗ ಅದು ವಿಗ್ಗು, ಕಾಯಿಲೆಗೆ ಔಷಧಿ ತೆಗೆದುಕೊಂಡು ಕೂದಲು ಉದುರಿದೆ ಎಂದು ತಿಳಿಯಿತು. ಆ ಹಾಡು ಅಲ್ಲಿಗೇ ಸತ್ತಿತು. ಹೀಗೆ ಕಟ್ಟಿ ಬಿಟ್ಟ ಹಾಡುಗಳೇ ಹಾಡಿದವುಗಳಿಗಿಂತ ಹೆಚ್ಚಿದ್ದವು. ಈ ಲೆಕ್ಕವನ್ನೂ ಅವಳು ಯಾರಿಗೂ ಹೇಳಲಿಲ್ಲ. ಹೇಳಿದರೆ ಬಾಯಿ ತೆಗೆದರೆ ಬರುತ್ತದೆ ಎಂಬ ಹೆಸರು ಏನಾಗಬೇಕು?

ಹೀಗಿರುವಾಗ ಅರವತ್ತಾರನೇ ವರ್ಷದಲ್ಲಿ ಅವಳ ಬಲ ಮಂಡಿ ಕೈಕೊಟ್ಟಿತು. ಕಡೂರಿನ ಡಾಕ್ಟರು ಬಸ್ಸಿನ ಮೆಟ್ಟಿಲು ಹತ್ತಬೇಡಿ, ಕೋಲು ಹಿಡಿದು ನಡೆಯಿರಿ ಎಂದರು. ನಾಗೇಶ ಅದೇ ದಿನ ಒಳ್ಳೆಯ ಬೆತ್ತದ ಕೋಲು ತಂದುಕೊಟ್ಟ. ಲಿಂಗಮ್ಮ ಅದನ್ನು ಹಿತ್ತಿಲಿಗೆ ಒಯ್ದು ಅವರೆ ಬಳ್ಳಿಗೆ ಆಸರೆಯಾಗಿ ನೆಟ್ಟಳು. ಬಳ್ಳಿ ಚೆನ್ನಾಗಿಯೇ ಹಬ್ಬಿತು. ಅವಳು ಮಾತ್ರ ಮನೆಯೊಳಗೆ ಕಂಬದಿಂದ ಗೋಡೆಗೆ, ಗೋಡೆಯಿಂದ ಬಾಗಿಲಿಗೆ ಕೈ ಊರಿಕೊಂಡು ಓಡಾಡುತ್ತಿದ್ದಳು. ಯಾರಾದರೂ ನೋಡಿದರೆ ಗೋಡೆಯ ಧೂಳು ಒರೆಸುತ್ತಿದ್ದವಳಂತೆ ನಟಿಸುತ್ತಿದ್ದಳು. ಗೋಡೆಗಳು ಅಷ್ಟು ಸ್ವಚ್ಛವಾಗಿ ಹಿಂದೆಂದೂ ಇರಲಿಲ್ಲ.

ಆಗಲೇ ತನುಜಾಳ ಮದುವೆ ಗೊತ್ತಾಯಿತು. ತನುಜಾ ಅಜ್ಜಂಪುರಕ್ಕೆ ಕೊಟ್ಟ ಮಗಳ ಮಗಳು, ಲಿಂಗಮ್ಮನ ಮೊದಲ ಮೊಮ್ಮಗಳು. ಗಂಡು ಓಂಕಾರೇಶ, ತರೀಕೆರೆ ಹತ್ತಿರದ ಹಳ್ಳಿಯವನು, ತೆಂಗಿನಕಾಯಿ ವ್ಯಾಪಾರ. ಹೆಣ್ಣು ನೋಡುವ ಶಾಸ್ತ್ರವೂ ನಿಶ್ಚಿತಾರ್ಥವೂ ಅಜ್ಜಂಪುರದಲ್ಲಿ ಆದವು. ಮಂಡಿಯ ದೆಸೆಯಿಂದ ಲಿಂಗಮ್ಮನಿಗೆ ಎರಡಕ್ಕೂ ಹೋಗಲಾಗಲಿಲ್ಲ. ಬೀಗರ ಮುಖವನ್ನೇ ನೋಡಿರಲಿಲ್ಲ. ಎಮ್ಮೆ ಹುಡುಕಲು ಹೋಗುವುದಂತೂ ದೂರದ ಮಾತು.

ತನುಜಾ ದಿನಾ ಫೋನು ಮಾಡುತ್ತಿದ್ದಳು. ಯಾರ್ಯಾರ ಮದುವೆಗೋ ಹಾಡಿದ್ದೀಯ, ನನ್ನ ಮದುವೆಗೆ ಎಲ್ಲಕ್ಕಿಂತ ಚೆನ್ನಾಗಿರಬೇಕು ಎಂದು ಹಟ. ಬೀಗನ ವಿಷಯ ಏನಾದರೂ ಹೇಳೇ ಎಂದು ಲಿಂಗಮ್ಮ ಯಾವುದೋ ಮಾತಿನ ನಡುವೆ ಎಂಬಂತೆ ಕೇಳಿದಳು. ಹುಡುಗಿ ನಕ್ಕು ಹೇಳಿದಳು: ಮಾವ ಕಲ್ಲೇಶಪ್ಪ ಭಾರಿ ಸ್ಟೈಲಿನ ಮನುಷ್ಯ, ಬಿಸಿಲಿರಲಿ ಮೋಡವಿರಲಿ ಕೈಯಲ್ಲಿ ಉದ್ದ ಹಿಡಿಯ ಛತ್ರಿ, ಒಳಗೆ ಕೂತರೂ ತೊಡೆಯ ಪಕ್ಕದಲ್ಲಿ ಅದು ಇರಲೇಬೇಕು, ಬಿಚ್ಚಿದ್ದನ್ನು ಮಾತ್ರ ಒಬ್ಬರೂ ನೋಡಿಲ್ಲ.

ಇಂಥ ಬೀಗ ಸಿಗುವುದು ಅಪರೂಪ. ಲಿಂಗಮ್ಮ ಆವತ್ತೇ ಗರಿ ಎಳೆದುಕೊಂಡು ಕೂತಳು. ಕೇಳಿದ ಮಾತಿನ ಮೇಲೆ ಹಾಡು ಕಟ್ಟಬಾರದು, ಕಣ್ಣಾರೆ ನೋಡಬೇಕು ಎಂದು ಅವಳ ಒಳಗೇ ಯಾರೋ ಹೇಳುತ್ತಿದ್ದರು. ಮೊಮ್ಮಗಳ ಹಟಕ್ಕೂ ಮಂಡಿಯ ನೋವಿಗೂ ಸಿಕ್ಕಿ ಅವಳು ಆ ಮಾತಿಗೆ ಕಿವಿಗೊಡಲಿಲ್ಲ. ಸಾಲುಗಳು ತಾವಾಗಿ ಬಂದು ಬಲಗಡೆ ಬಿದ್ದವು.

ಮಳೆಯಿಲ್ಲ ಮೋಡಿಲ್ಲ, ಛತ್ರಿ ಯಾತಕೆ ಬೀಗಣ್ಣ?
ಬೀಗಿತ್ತಿ ಗುಡುಗ್ತಾಳೇನೊ ಮನೆಯೊಳಗೆ?

ಹಾಡು ಮುಗಿದಾಗ ಎರಡೇ ಪೊರಕೆ ಆಗಿದ್ದವು. ಸುಲೋಚನ ಅವನ್ನು ಎತ್ತಿ ನೋಡಿ, “ಯಾಕತ್ತೆ, ಈ ಸಲ ಎರಡೇ?” ಎಂದಳು. ವಯಸ್ಸಾದ ಹಾಗೆ ಕೈ ಪಳಗುತ್ತದೆ ಎಂದು ಲಿಂಗಮ್ಮ ಮಾತು ತೇಲಿಸಿದಳು.

ಮದುವೆ ಅಜ್ಜಂಪುರದ ಕಲ್ಯಾಣ ಮಂಟಪದಲ್ಲಿ. ನಾಗೇಶ ಇದಕ್ಕೆಂದೇ ಕಾರು ಗೊತ್ತು ಮಾಡಿ ಅಮ್ಮನನ್ನು ಕರೆತಂದಿದ್ದ. ಅಜ್ಜಿ ಛತ್ರಿಯ ಮೇಲೆ ಹಾಡು ಕಟ್ಟಿದ್ದಾಳೆ ಎಂಬ ಗುಟ್ಟನ್ನು ತನುಜಾ ಹೊಟ್ಟೆಯಲ್ಲಿ ಇಟ್ಟುಕೊಳ್ಳಲಾರದೆ ಓಂಕಾರೇಶನಿಗೆ ಹೇಳಿದ್ದಳು. ಓಂಕಾರೇಶ ನಗುತ್ತಾ ಅಪ್ಪನಿಗೂ ಹೇಳಿದ್ದ. ಇದು ಲಿಂಗಮ್ಮನಿಗೆ ಗೊತ್ತಿರಲಿಲ್ಲ. ಧಾರೆ ಮುಗಿದು ಬೀಗರು ಊಟದ ಮನೆಗೆ ಹೊರಟಾಗ ಅವಳು ಜೊತೆಗೆ ಹಾಡುವ ಇಬ್ಬರು ಹೆಂಗಸರೊಂದಿಗೆ ಬಾಗಿಲ ಪಕ್ಕ ಕುರ್ಚಿ ಹಾಕಿಸಿಕೊಂಡು, ಛತ್ರಿ ಎಲ್ಲಿ ಎಂದು ಕಣ್ಣಲ್ಲೇ ಹುಡುಕುತ್ತಿದ್ದಳು. ಛತ್ರಿ ಇರಲಿಲ್ಲ. ಬಿಳಿ ಪಂಚೆ, ರೇಷ್ಮೆ ಶಲ್ಯ, ಹಣೆಯ ತುಂಬ ವಿಭೂತಿಯ ಎತ್ತರದ ಆಳು ಕಲ್ಲೇಶಪ್ಪ ಬರಿಗೈಯಲ್ಲಿ ಬರುತ್ತಿದ್ದ.

ಬರಿಗೈ ಎಂದರೆ ಪೂರ್ತಿ ಬರಿಗೈಯಲ್ಲ. ಒಂದು ಕುರ್ಚಿಯ ಬೆನ್ನು ಹಿಡಿದು, ಅಲ್ಲಿ ನಿಂತು ಯಾರನ್ನೋ ಮಾತಾಡಿಸಿದ ಹಾಗೆ ಮಾಡಿ, ಮುಂದಿನ ಕುರ್ಚಿಗೆ ಕೈ ಚಾಚಿ, ಅಲ್ಲಿಂದ ಕಂಬಕ್ಕೆ ಬಂದು, ಕಂಬದ ಹೂವಿನ ಅಲಂಕಾರವನ್ನು ಮೆಚ್ಚಿಕೊಂಡವನಂತೆ ತಲೆಯಾಡಿಸಿದ. ಆ ಮಂಟಪದಲ್ಲಿ ಮುನ್ನೂರು ಜನ ಇದ್ದರು. ಆ ನಡಿಗೆಯನ್ನು ಓದಬಲ್ಲವಳು ಒಬ್ಬಳೇ ಇದ್ದಳು.

ಲಿಂಗಮ್ಮ ಅವನ ಕಾಲನ್ನೇ ನೋಡಿದಳು. ಅದು ಸ್ಟೈಲಿನ ಛತ್ರಿಯಲ್ಲ, ಕೋಲು. ಕೋಲು ಹಿಡಿಯಲು ನಾಚಿದ ಮನುಷ್ಯ ಛತ್ರಿ ಹಿಡಿದಿದ್ದಾನೆ, ಹಾಡಿನ ಸುದ್ದಿ ಹೇಗೋ ಕಿವಿಗೆ ಬಿದ್ದಿರಬೇಕು, ಹೆದರಿ ಇವತ್ತು ಅದನ್ನೂ ಬಿಟ್ಟು ಬಂದಿದ್ದಾನೆ. ಪಂಕ್ತಿಯಲ್ಲಿ ಕೂತವನು ಬಾಳೆಲೆಯ ಮೇಲಿನ ಪಲ್ಯವನ್ನೇ ನೋಡುತ್ತಿದ್ದ, ತಲೆ ಎತ್ತಲಿಲ್ಲ. ನಾಳೆಯಿಂದ ತನುಜಾ ಆ ಮನೆಯಲ್ಲಿ ಬಾಳಬೇಕು. ಮಾವನ ಸೋತ ಕಾಲನ್ನು ಮುನ್ನೂರು ಜನರ ಮುಂದೆ ಹಾಡಿ ನಗಿಸಿದ ಅಜ್ಜಿಯ ಮೊಮ್ಮಗಳಾಗಿ ಬಾಳಬೇಕು. ಅಷ್ಟರಲ್ಲಿ ಯಾರೋ ಮೈಕು ತಂದು ಲಿಂಗಮ್ಮನ ಕೈಗೆ ಕೊಟ್ಟರು. ಜೊತೆಯ ಹೆಂಗಸರು ಮಳೆಯಿಲ್ಲ ಎಂದು ರಾಗ ಎಳೆದೇಬಿಟ್ಟರು.

ಲಿಂಗಮ್ಮ ಕೈಯೆತ್ತಿ ಅವರನ್ನು ನಿಲ್ಲಿಸಿದಳು. ಬಾಯಿ ತೆಗೆದರೆ ಬರುತ್ತವೆ ಎಂದು ನಲವತ್ತು ವರ್ಷ ಹೇಳಿಕೊಂಡವಳು ಬಾಯಿ ತೆಗೆದಳು, ಏನೂ ಬರಲಿಲ್ಲ. ಮತ್ತೆ ತೆಗೆದಳು, ಆಗಲೂ ಇಲ್ಲ. ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ಬೀಗರಲ್ಲಿ ಬೇರೆ ಯಾರ ಗುಟ್ಟೂ ಅವಳಿಗೆ ಗೊತ್ತಿರಲಿಲ್ಲ. ಆ ಮಂಟಪದಲ್ಲಿ ಅವಳಿಗೆ ಪೂರ್ತಿ ಗೊತ್ತಿದ್ದ ಜಂಬ ಒಂದೇ, ಅದು ಅವಳದೇ. ಗತಿಯಿಲ್ಲದೆ ಅದನ್ನೇ ಹಿಡಿದಳು.

ಬಾಯ್ ತೆಗುದ್ರೆ ಬತ್ತದಂತೆ ಹಾಡು ಈ ಮುದುಕೀಗೆ,
ಬಸ್ಸತ್ತಿ ಇಳಿದಿಳಿದು ಮಂಡಿ ಸವೆದಾವೆ.
ಇಲ್ಲದ ಎಮ್ಮೇನ ಊರೂರು ಹುಡುಕ್ಯಾಳೆ,
ಸಿಕ್ಕೋರ ಜಗಲೀಲಿ ಕಾಫಿ ಕುಡುದಾಳೆ.

ಮೊದಲು ನಕ್ಕವಳು ಸುಲೋಚನ. ಆಮೇಲೆ ಇಡೀ ಪಂಕ್ತಿ. ಲಿಂಗಮ್ಮ ನಿಲ್ಲಿಸಲಿಲ್ಲ. ಎಡಗಡೆಯ ರಾಶಿ, ಬಲಗಡೆಯ ರಾಶಿ, ಮದುವೆಗೆ ಆರೇಳು ಪೊರಕೆ, ಅವರೆ ಬಳ್ಳಿಗೆ ಕೊಟ್ಟ ಕೋಲು, ಗೋಡೆ ಒರೆಸುವ ನಾಟಕ, ಮುಚ್ಚಿಟ್ಟದ್ದನ್ನೆಲ್ಲ ತಂದು ಬೀಗರ ಎಲೆಯ ಮುಂದೆ ಸುರಿದಳು. ಬಡಿಸುವವರು ಸಾರಿನ ಬಕೆಟ್ಟು ಕೆಳಗಿಟ್ಟು ನಕ್ಕರು. ಕೋಲಿನ ಸಾಲು ಬಂದಾಗ ಕಲ್ಲೇಶಪ್ಪ ತಲೆ ಎತ್ತಿದ. ಗೋಡೆಯ ಸಾಲಿಗೆ ಅವನ ಹೊಟ್ಟೆ ಕುಲುಕತೊಡಗಿತು. ಕಣ್ಣು ಒರೆಸಿಕೊಳ್ಳಲು ಅವನಿಗೆ ರೇಷ್ಮೆ ಶಲ್ಯವೇ ಬೇಕಾಯಿತು.

ನಲವತ್ತು ವರ್ಷದಲ್ಲಿ ಮೊದಲ ಸಲ ಅವಳು ನಿಜ ಹೇಳಿದ್ದಳು, ಜನ ಮಾತ್ರ ನಂಬಲಿಲ್ಲ. ನೋಡಿದಿರಾ, ನಿಂತ ನಿಲುವಿನಲ್ಲೇ ಎಂಥ ಸುಳ್ಳು ಕಟ್ಟಿದಳು, ಒಂದು ಚೂರು ಕಷ್ಟವಿಲ್ಲದೆ ಬರುತ್ತದೆ ನೋಡಿ ಎಂದು ಕೈ ತೊಳೆಯುವಾಗಲೂ ಮಾತಾಡಿಕೊಂಡರು. ನಿಂತ ನಿಲುವಿನಲ್ಲೇ ಕಟ್ಟಿದಳು ಎಂಬುದು ಆ ಒಂದು ಹಾಡಿನ ಮಟ್ಟಿಗೆ ಸರಿಯೂ ಆಗಿತ್ತು.

ಎಲೆಯಡಿಕೆಯ ಹೊತ್ತಿಗೆ ಕಲ್ಲೇಶಪ್ಪ ಮಗನ ಹೆಗಲ ಮೇಲೆ ಕೈ ಹಾಕಿಕೊಂಡು ಬಂದು ಅವಳ ಪಕ್ಕದ ಕುರ್ಚಿಯಲ್ಲಿ ಕೂತ. ಮಗನನ್ನು ಅತ್ತ ಕಳಿಸಿದ. ಎಲೆಯಡಿಕೆಯ ತಟ್ಟೆ ಹತ್ತಿರಕ್ಕೆ ಎಳೆದುಕೊಂಡು ಕೇಳಿದ.

“ಛತ್ರಿ ಮೇಲೆ ಒಂದ್ ಹಾಡೈತೆ ಅಂದಿದ್ರು. ಅದ್ಯಾಕಮ್ಮಾ ಬರ್ಲಿಲ್ಲ?”

“ಮರ್ತೋಯ್ತು ಬೀಗ್ರೆ. ವಯಸ್ಸಾಯ್ತಲ್ಲ.”

ಹಾಡು ಮರೆತುಹೋಯಿತು ಎಂದು ಲಿಂಗಮ್ಮ ಜೀವಮಾನದಲ್ಲಿ ಒಪ್ಪಿಕೊಂಡವಳಲ್ಲ. ಈಗ ಅಂಥ ಸುಳ್ಳನ್ನು ಹೇಳುವಾಗ ಅವಳಿಗೆ ಸ್ವಲ್ಪವೂ ನೋವಾಗಲಿಲ್ಲ. ಕಲ್ಲೇಶಪ್ಪ ಅಡಿಕೆ ಬಾಯಿಗೆ ಹಾಕಿಕೊಂಡು ಅವಳ ಕಾಲಿನ ಕಡೆ ನೋಡಿದ.

“ನಿಮ್ದು ಯಾವ್ ಕಾಲು?”

“ಬಲ.”

“ನಂದು ಎಡ” ಎಂದ ಕಲ್ಲೇಶಪ್ಪ. ಎಲೆಗೆ ಸುಣ್ಣ ಹಚ್ಚಿ ಅವಳಿಗೆ ಕೊಟ್ಟ.

ತಿಂಗಳು ಕಳೆದ ಮೇಲೆ ತನುಜಾ ಗಂಡನೊಂದಿಗೆ ಅಜ್ಜಿಯನ್ನು ನೋಡಲು ಬಂದಳು. ಮಾವ ಕೊಟ್ಟು ಕಳಿಸಿದ್ದು ಎಂದು ಉದ್ದನೆಯ ಕಾಗದದ ಪೊಟ್ಟಣ ಕೊಟ್ಟಳು. ಒಳಗೆ ಕರಿಯ ಛತ್ರಿ, ಬಾಗಿದ ಮರದ ಹಿಡಿ, ತುದಿಗೆ ಜಾರದ ಹಾಗೆ ರಬ್ಬರಿನ ಬಿರಡೆ. ಮಳೆಗಾಲ ಇನ್ನೂ ಎಷ್ಟು ದೂರ ಇದೆ, ಮಾವನಿಗೆ ಎಲ್ಲರೂ ತಮ್ಮ ಹಾಗೇ ಸ್ಟೈಲು ಮಾಡಬೇಕು ಎಂದು ತನುಜಾ ನಕ್ಕಳು. ಲಿಂಗಮ್ಮ ಹಿಡಿಯನ್ನು ಅಂಗೈಯಲ್ಲಿ ಒತ್ತಿ, ಎದ್ದು, ಕಂಬ ಮುಟ್ಟದೆ ಬಾಗಿಲವರೆಗೂ ಹೋಗಿ ಬಂದಳು.

ಮರುವಾರ ಬೆಳಿಗ್ಗೆ ಅವಳು ಬಸ್‌ಸ್ಟ್ಯಾಂಡಿನಲ್ಲಿ ಕಾಣಿಸಿಕೊಂಡಳು. ಯಾರದೋ ಮನೆಯಲ್ಲಿ ಮದುವೆ ಹತ್ತಿರ ಬಂದಿತ್ತು. ಎಲ್ಲಿಗೆ ಅಜ್ಜಿ ಎಂದು ಕಂಡಕ್ಟರು ಕೇಳಿದ. ಎಮ್ಮೆ ಕಳೆದಿದೆ ಕಣಪ್ಪಾ ಎಂದು ಛತ್ರಿ ಊರಿ ಮೆಟ್ಟಿಲು ಹತ್ತಿದಳು. ಇಳಿದ ಮೇಲೆ ಊರೊಳಗೆ ಒಂದು ಮೈಲಿ ನಡೆಯಬೇಕಿತ್ತು. ಏಪ್ರಿಲ್ ಬಿಸಿಲು ನೆತ್ತಿ ಸುಡುತ್ತಿತ್ತು. ಲಿಂಗಮ್ಮ ಸೆರಗನ್ನು ತಲೆಯ ಮೇಲೆ ಎಳೆದುಕೊಂಡಳು, ಛತ್ರಿಯನ್ನು ಬಿಚ್ಚಲಿಲ್ಲ.