ದೊಡ್ಡವ್ವ ಚಹಾ ಇಡುವುದನ್ನು ಬಿಟ್ಟಳು

ಹಾಸ್ಯ ಸಿನಿಮಾಗಳಿಗೆ ಚಿತ್ರಕಥೆ ಬರೆದೇ ಹೊಟ್ಟೆ ಹೊರೆದವನು ನಾನು. ಬೆಂಗಳೂರಿನ ನಿರ್ದೇಶಕರಿಗೆ ನನ್ನಿಂದ ಬೇಕಿದ್ದದ್ದು ಒಂದೇ: "ನಿಮ್ಮ ಕಡೆ ಮಾತು ಹಾಕಿ ಸಾರ್, ಜನ ಬಿದ್ದು ಬಿದ್ದು ನಗ್ತಾರೆ." ಹಾಕಿದೆ. ಕಲಬುರಗಿಯ ಆಟೊಗಳಲ್ಲಿ, ಸೇಡಂ ರಸ್ತೆಯ ಚಹಾ ಅಂಗಡಿಗಳಲ್ಲಿ ಕಿವಿಗೆ ಬಿದ್ದದ್ದನ್ನೆಲ್ಲ ಚೀಟಿಯಲ್ಲಿ ಗೀಚಿಕೊಂಡು ಬಂದು ಪಾತ್ರಗಳ ಬಾಯಿಗೆ ತುರುಕಿದೆ. ಯಾರನ್ನೂ ಕೇಳಲಿಲ್ಲ.

ಕಮಲಾಪುರದಲ್ಲಿ ನನ್ನ ಅವ್ವನ ಅಕ್ಕ, ದೊಡ್ಡವ್ವ, ಇದ್ದಾಳೆ. ಹೈಸ್ಕೂಲು ಓದಿದ್ದು ಅವಳ ಮನೆಯಲ್ಲೇ. ದೊಡ್ಡಪ್ಪ ತೀರಿಕೊಂಡ ಮೇಲೆ ದಿನಾ ಬೆಳಿಗ್ಗೆ ಅವನ ಫೋಟೊದ ಮುಂದೆ ಚಹಾ ಇಟ್ಟು ಮಾತಿಗೆ ನಿಲ್ಲುತ್ತಿದ್ದಳು. "ಕೇಳ್ರಿ ಇಲ್ಲಿ, ನಿಮ್ಮ ಬಾಳಿಗಿಡ ಗೊನಿ ಹಾಕ್ಯಾದ. ಒಮ್ಮೆರ ಬಂದು ನೋಡಬೇಕಂತ ಅನಸ್ತದೇನು ನಿಮಗ?" ಬೈದು ಮುಗಿದ ಮೇಲೆ ಆರಿದ ಚಹಾವನ್ನು ತಾನೇ ಕುಡಿಯುತ್ತಿದ್ದಳು.

ಒಂದು ಸಿನಿಮಾಕ್ಕೆ ಇದನ್ನು ಇದ್ದ ಹಾಗೆಯೇ ಎತ್ತಿದೆ. ಸೀರೆಯುಟ್ಟ ಹಾಸ್ಯನಟ ಬೈಯುತ್ತಾನೆ. ಬೈಗುಳ ತಾಳಲಾರದೆ ಫೋಟೊ ಮೊಳೆ ಕಿತ್ತುಕೊಂಡು ಬೀಳುತ್ತದೆ. ಫೋಟೊ ಬೀಳುವುದಷ್ಟೇ ನನ್ನ ಸ್ವಂತದ್ದು. ಅದರದೇ ಜಂಬ. ಆ ಜಂಬದಲ್ಲಿ ದೊಡ್ಡವ್ವನನ್ನು ಕಲಬುರಗಿಗೆ ಕರೆತಂದು ಟಾಕೀಜಿನಲ್ಲಿ ಪಕ್ಕದಲ್ಲಿ ಕೂರಿಸಿಕೊಂಡೆ. ಫೋಟೊ ಬಿದ್ದಾಗ ಜನ ಸಿಳ್ಳೆ ಹೊಡೆದರು. ನಾನು ಅವರ ಕಡೆ ನೋಡುತ್ತಿದ್ದೆ, ಅವಳ ಕಡೆ ಅಲ್ಲ. ಹೊರಗೆ ಬಂದು "ಛಲೋ ಬರದೀಯಪ್ಪ" ಅಂದಳು. ಅಷ್ಟಕ್ಕೇ ಉಬ್ಬಿಹೋದೆ, ಮೂರ್ಖ.

ಕೆಲವು ತಿಂಗಳ ಮೇಲೆ ಕಮಲಾಪುರಕ್ಕೆ ಹೋದಾಗ ದೊಡ್ಡವ್ವ ಬೆಳಿಗ್ಗೆ ಎರಡೇ ಕಪ್ ಚಹಾ ಮಾಡಿದಳು. ಒಂದು ನನಗೆ, ಒಂದು ತನಗೆ. ಫೋಟೊದ ಮುಂದೆ ಏನೂ ಇರಲಿಲ್ಲ.

"ದೊಡ್ಡಪ್ಪಗ?" ಅಂದೆ.

"ಬಿಟ್ಟೀನಪ್ಪ." ಸೆರಗಿನಿಂದ ಕಪ್ ಒರೆಸಿದಳು. "ಖರೇ ಹೇಳು. ಇಕಿ ಮಾತಿಗಿ ಬ್ಯಾಸತ್ತೀನಂತ ನಿಮ್ಮ ದೊಡ್ಡಪ್ಪ ಇದ್ದಾಗ ನಿನ್ನ ಮುಂದ ಏನರ ಅಂದಿದ್ರೇನು?"

"ಇಲ್ಲ ದೊಡ್ಡವ್ವ, ದೇವರಾಣಿ ಇಲ್ಲ. ಫೋಟೊ ಬೀಳೂದು ಜನ ನಗಲಿ ಅಂತ ನಾನೇ ಕಟ್ಟಿದ್ದು."

"ಇರ್ಲಿ ಬಿಡು. ನನಗ ಕೆಟ್ಟ ಅನಸ್ತದಂತ ಮುಚ್ಚಿಡ್ಲಾಕತ್ತಿ."

ಎಷ್ಟು ಆಣೆ ಮಾಡಿದರೂ ನಂಬಲಿಲ್ಲ. ಆ ದೃಶ್ಯದಲ್ಲಿ ಉಳಿದದ್ದೆಲ್ಲ ಅವಳದೇ ಮಾತು, ಒಂದಕ್ಷರ ಬದಲಾಗದೆ ಇತ್ತು. ಅದೊಂದೇ ಸುಳ್ಳೆಂದು ಅವಳಾದರೂ ಹೇಗೆ ನಂಬಬೇಕು?