ಕಂಡಕ್ಟರ್ ಹೇಮಾವತಿಯ ದುರ್ಬೀನು

ಹೊನ್ನಾಳಿಯಿಂದ ನ್ಯಾಮತಿ, ಸವಳಂಗದ ಮೇಲೆ ಶಿವಮೊಗ್ಗಕ್ಕೆ ಹೋಗುವ ಸರ್ಕಾರಿ ಬಸ್ಸಿನಲ್ಲಿ ಇಪ್ಪತ್ತೆರಡು ವರ್ಷದಿಂದ ಕಂಡಕ್ಟರ್ ಆಗಿದ್ದ ಹೇಮಾವತಿ ತಲೆಯೆತ್ತಿ ಆಕಾಶ ನೋಡುತ್ತಿದ್ದುದು ಮಳೆ ಬರುತ್ತದೋ ಇಲ್ಲವೋ ಎಂದು ತಿಳಿಯಲಿಕ್ಕೆ ಮಾತ್ರ. ಅಂಥವಳ ನೆಮ್ಮದಿ ಕೆಡಿಸಿದ್ದು ಒಂದು ಪಂಕ್ಚರ್.

ನವೆಂಬರ್ ತಿಂಗಳ ಒಂದು ಸಂಜೆ ನ್ಯಾಮತಿ ಸ್ಟ್ಯಾಂಡಿನಲ್ಲಿ ಒಬ್ಬರು ಆಳೆತ್ತರದ ಬಿಳಿ ಕೊಳವೆ ತಬ್ಬಿಕೊಂಡು ಬಸ್ ಹತ್ತಿದರು. ಚನ್ನಗಿರಿಯ ಬ್ಯಾಂಕೊಂದರಲ್ಲಿ ಕ್ಲರ್ಕ್ ಆಗಿರುವ ರಘುನಾಥ.

"ಏನ್ರೀ ಇದು, ಗೀಸರಾ? ಲಗೇಜ್ ಟಿಕೆಟ್ ಆಗ್ತೈತೆ" ಎಂದಳು ಹೇಮಾವತಿ.

"ದುರ್ಬೀನು ಅಕ್ಕೋರೆ. ಸವಳಂಗದ ಸ್ಕೂಲಲ್ಲಿ ಮಕ್ಳಿಗೆ ಚುಕ್ಕಿ ತೋರ್ಸಾಕೆ ಒಯ್ತಾ ಇದೀನಿ."

ಸವಳಂಗ ಇನ್ನೂ ನಾಲ್ಕು ಕಿಲೋಮೀಟರ್ ಇರುವಾಗ ಟೈರು ಬುಸ್ಸೆಂದಿತು. ಡ್ರೈವರ್ ಜಾಕು ಹಾಕುವಷ್ಟರಲ್ಲಿ ರಘುನಾಥ ರಸ್ತೆ ಪಕ್ಕದ ಕಣದಲ್ಲಿ ಕೊಳವೆ ನಿಲ್ಲಿಸಿ, "ಸುಮ್ನೆ ನಿಂತು ಏನ್ ಮಾಡ್ತೀರಿ, ಬರ್ರಿ, ಶನಿ ನೋಡಿ" ಎಂದರು. ಶನಿಯ ಹೆಸರು ಕೇಳಿ ಇಬ್ಬರು ಹಿಂದೆ ಸರಿದರು. ಹೇಮಾವತಿ ಮುಂದೆ ಹೋಗಿ ಬಗ್ಗಿ ಕಣ್ಣಿಟ್ಟಳು. ಕಪ್ಪು ಬಾವಿಯ ತಳದಲ್ಲಿ ಕಡಲೆಕಾಳಿನಷ್ಟು ಒಂದು ಗುಂಡು, ಅದರ ಸೊಂಟಕ್ಕೆ ತೆಳ್ಳನೆಯ ಬಳೆ.

"ಅಯ್ಯೋ! ಇದೇನು ಒಳಗೆ ಚಿತ್ರ ಅಂಟಿಸೀರೇನ್ರೀ?"

ಚಿತ್ರವಲ್ಲ, ನಿಜ ಎಂದು ನಂಬಿದ ಮೇಲೆ ಅವಳನ್ನು ಹಿಡಿಯುವವರೇ ಇರಲಿಲ್ಲ. ಪ್ರಯಾಣಿಕರನ್ನೆಲ್ಲ ಸಾಲಾಗಿ ನಿಲ್ಲಿಸಿ, "ಒಬ್ಬೊಬ್ಬರೇ ಬರ್ರಿ, ನೂಕಬ್ಯಾಡ್ರಿ" ಎಂದು ತಾನೇ ನಡೆಸಿದಳು. ಟೈರು ಸಿದ್ಧವಾಗಿ ಡ್ರೈವರ್ ಮೂರು ಸಲ ಹಾರನ್ ಹೊಡೆದರೂ ಅವಳಿಗೆ ಕೇಳಿಸಲಿಲ್ಲ. ಕಡೆಗೆ ಪ್ರಯಾಣಿಕರೇ ಅವಳನ್ನು ಕೈಹಿಡಿದು ಬಸ್ಸಿಗೆ ಹತ್ತಿಸಿದರು.

ಆ ರಾತ್ರಿ ಊಟಕ್ಕೆ ಕೂತಾಗ ಗಂಡ ಮಹಾಂತೇಶನಿಗೆ ಹೇಳಿದಳು: "ರೀ, ನಂಗೊಂದು ದುರ್ಬೀನು ಬೇಕು."

ನ್ಯಾಮತಿಯಲ್ಲಿ ಮೋಟಾರು ಪಂಪು ರಿಪೇರಿ ಅಂಗಡಿ ಇಟ್ಟಿರುವ ಮಹಾಂತೇಶ ಮಿತಮಾತಿನವನು. ಅರ್ಧ ರೊಟ್ಟಿ ಮುಗಿಯುವ ತನಕ ಯೋಚಿಸಿ, "ಬಳೆ ಮಾಡಿಸ್ಕೊಂತೀನಿ ಅಂತಿದ್ದೆಲ್ಲ?" ಎಂದ.

"ಶನಿ ಹಾಕ್ಕೊಂಡಾನಲ್ಲ, ಅದನ್ನೇ ನೋಡ್ತೀನಿ ಬಿಡ್ರಿ."

ಆದರೆ ಎಂಥದನ್ನು ಕೊಳ್ಳುವುದು? ರಜೆಯ ದಿನ ಚನ್ನಗಿರಿಗೆ ಹೋಗಿ ರಘುನಾಥರ ಮಹಡಿ ಹತ್ತಿದಳು. "ಒಳಗೆ ಬೆಳಕು ಹಿಡಿಯೋ ಕನ್ನಡಿ ದೊಡ್ಡದಿರ್ಬೇಕು ಅಕ್ಕೋರೆ. ತಾನೇ ಚುಕ್ಕಿ ಹುಡುಕೋ ಕಂಪ್ಯೂಟರ್‌ಗೆ ಸುರಿಯೋ ದುಡ್ಡನ್ನ ಕನ್ನಡಿಗೆ ಸುರೀರಿ. ಚುಕ್ಕಿ ನಾವೇ ಹುಡುಕ್ಬೇಕು, ಅದ್ರಾಗೇ ಮಜಾ" ಎಂದರು ಅವರು. ಹೇಮಾವತಿ ಅವರ ಕೊಳವೆಯನ್ನು ಅತ್ತ ಇತ್ತ ತಿರುಗಿಸಿ ಮುಕ್ಕಾಲು ಗಂಟೆ ಹುಡುಕಿದಳು. ಸಿಕ್ಕಿದ್ದು ಎದುರು ಮನೆಯ ಡಿಶ್ ಆಂಟೆನಾ. ಒಮ್ಮೆ ಸಿಕ್ಕ ಶನಿಯೂ ಒಂದು ನಿಮಿಷದಲ್ಲಿ ಅಂಚಿನಿಂದ ಜಾರಿಹೋದ.

"ಸರ್, ನನ್ನ ಡ್ಯೂಟಿ ಬೆಳಗ್ಗೆ ಐದೂವರೆಗೆ. ನಂಗೆ ನೋಡಾಕೆ ಪುರುಸೊತ್ತು ಐತೆ, ಹುಡುಕಾಕೆ ಇಲ್ಲ. ತಾನೇ ಹುಡುಕಿ, ಹಿಂದಿಂದೇ ಹೋಗೋ ಅಂಥದು ಯಾವುದೈತೆ ಹೇಳ್ರಿ. ಇನ್ನೊಂದು, ಅದು ಬಸ್ಸಿನ ಸೀಟಿನ ಮ್ಯಾಲೆ ಕೂರ್ಬೇಕು."

ರಘುನಾಥ ನಕ್ಕುಬಿಟ್ಟರು. ದುರ್ಬೀನನ್ನು ಹೀಗೆ ಬಸ್ ಸೀಟಿನಿಂದ ಅಳೆದವರನ್ನು ಅವರು ಕಂಡಿರಲಿಲ್ಲ. ಕೊನೆಗೆ ಇಬ್ಬರೂ ಕೂತು ಆರಿಸಿದ್ದು ಐದು ಇಂಚು ಅಗಲ ಬಾಯಿಯ ಗಿಡ್ಡ ಕೊಳವೆ, ಅದನ್ನು ತಿರುಗಿಸುವ ಮೋಟಾರು, ಕೈಯಲ್ಲಿ ಹಿಡಿಯುವ ರಿಮೋಟು, ಮೂರು ಕಾಲಿನ ಸ್ಟ್ಯಾಂಡು. ರಿಮೋಟಿನಲ್ಲಿ ಊರು, ತಾರೀಕು, ಹೊತ್ತು ತುಂಬಿ ಎರಡು ನಕ್ಷತ್ರಗಳನ್ನು ನಡುವಿಗೆ ತಂದು ಗುರುತು ತೋರಿಸಿಬಿಟ್ಟರೆ ಉಳಿದದ್ದನ್ನೆಲ್ಲ ಅದೇ ಹುಡುಕುತ್ತದೆ. ಕರೆಂಟಿಲ್ಲದ ಕಡೆ ನಡೆಯಲಿ ಎಂದು ಮಹಾಂತೇಶ ಅಂಗಡಿಯಲ್ಲಿದ್ದ ಒಂದು ಬ್ಯಾಟರಿಗೆ ವೈರು ಜೋಡಿಸಿಕೊಟ್ಟ.

ಯುಗಾದಿ ಕಳೆದ ವಾರ ಪೆಟ್ಟಿಗೆ ಬಂತು. ಪಕ್ಕದ ಮನೆಯ ರಸೂಲ್ ಮೇಸ್ತ್ರಿ, ಗಾರೆ ಕೆಲಸದವನು, ತನ್ನ ರಸಮಟ್ಟ ತಂದು ಸ್ಟ್ಯಾಂಡನ್ನು ಮಟ್ಟ ಮಾಡಿದ. ಗುಳ್ಳೆ ನಟ್ಟನಡುವೆ ನಿಂತ ಮೇಲೆ, "ಇನ್ನ ಇದರ ಮ್ಯಾಲೆ ಮನಿ ಕಟ್ಟಬಹುದು ನೋಡಕ್ಕ" ಎಂದ. ಹೇಮಾವತಿ ಮೊದಲ ನಕ್ಷತ್ರ ಆರಿಸಿ ರಿಮೋಟು ಒತ್ತಿದಳು. ದುರ್ಬೀನು ಗುಯ್ಯೆಂದು ತಿರುಗಿ, ಗಂಭೀರವಾಗಿ ತಲೆಯೆತ್ತಿ, ನಿಂತಿತು. ಬಗ್ಗಿ ನೋಡಿದರೆ ಖಾಲಿ ಕತ್ತಲೆ. ಎರಡನೆಯ ನಕ್ಷತ್ರಕ್ಕೂ ಖಾಲಿ. ಇರಲಿ ಎಂದು 'ಸರಿ' ಗುಂಡಿ ಒತ್ತಿದರೆ, ಫೇಲ್ ಎಂದು ಬರೆದು ತೋರಿಸಿತು.

ಮರುದಿನವೂ ಫೇಲ್. ಮೂರನೆಯ ದಿನವೂ ಫೇಲ್. ಮಹಾಂತೇಶ ಮೋಟಾರು ಮುಟ್ಟಿ ನೋಡಿ, "ಮೋಟ್ರು ಚಲೋ ಐತೆ" ಎಂದು ಸರ್ಟಿಫಿಕೇಟು ಕೊಟ್ಟ. ರಸೂಲ್ ಗುಳ್ಳೆ ನೋಡಿ, "ಮಟ್ಟಾನೂ ಸರಿ ಐತೆ" ಎಂದ. ಹಾಗಾದರೆ ತಪ್ಪಿದ್ದು ಯಾರು?

ನಾಲ್ಕನೆಯ ಸಂಜೆ ಹೇಮಾವತಿ ಕಣ್ಣನ್ನು ಕೊಳವೆಗೆ ಇಡಲೇ ಇಲ್ಲ. ಅದು ಎತ್ತ ನೋಡುತ್ತದೆಂದು ಪಕ್ಕದಲ್ಲಿ ನಿಂತು ನೋಡಿದಳು. ಆರಿದ್ರಾ ಎಂದು ಕೇಳಿದರೆ ಆರಿದ್ರಾ ನಕ್ಷತ್ರದಿಂದ, ಕೈ ಚಾಚಿ ಅಳೆದರೆ ಒಂದು ಗೇಣಿನಷ್ಟು, ಮೂಡಲಕ್ಕೆ ನಿಂತಿತು. ಮಖಾ ಎಂದು ಕೇಳಿದರೆ ಅಲ್ಲೂ ಅಷ್ಟೇ, ಮೂಡಲಕ್ಕೆ. ಅವಳ ತಲೆಯೊಳಗೆ ಇಪ್ಪತ್ತೆರಡು ವರ್ಷದ ಕಂಡಕ್ಟರು ಎದ್ದು ಕೂತಳು. ಚುಕ್ಕಿಗಳೆಲ್ಲ ಮೂಡಲದಿಂದ ಪಡುವಲಕ್ಕೆ, ಗಂಟೆಗೆ ಹೆಚ್ಚುಕಡಿಮೆ ಒಂದು ಗೇಣಿನಂತೆ, ಹೋಗುವ ಬಸ್ಸುಗಳು. ಈ ದುರ್ಬೀನು ಪ್ರತಿ ಬಸ್ಸನ್ನೂ ಅದು ಆಗಲೇ ಬಿಟ್ಟುಹೋದ ಸ್ಟಾಪಿನಲ್ಲಿ ನಿಂತು ಕಾಯುತ್ತಿದೆ! ಒಂದು ಬಸ್ಸು ತಪ್ಪಿದರೆ ಬಸ್ಸಿನ ತಪ್ಪು, ಎಲ್ಲ ಬಸ್ಸೂ ತಪ್ಪಿದರೆ ಗಡಿಯಾರದ ತಪ್ಪು.

"ರೀ! ಇದರ ಟೈಮು ಹಿಂದೆ ಐತೆ! ಒಂದು ಗಂಟೆ ಹಿಂದೆ ಐತೆ!"

ರಿಮೋಟು ತಡಕಾಡಿದಳು. ಬೇಸಿಗೆಯಲ್ಲಿ ಗಡಿಯಾರವನ್ನು ಒಂದು ಗಂಟೆ ಮುಂದೆ ಇಟ್ಟುಕೊಳ್ಳುವ ದೇಶಗಳಿವೆಯಲ್ಲ, ಅವರಿಗೆಂದು ಮಾಡಿದ್ದ ಒಂದು ಗುಂಡಿ ಆನ್ ಆಗಿಯೇ ಇತ್ತು. ನ್ಯಾಮತಿಯ ಗಡಿಯಾರದಿಂದ ದುರ್ಬೀನು ತಾನಾಗಿಯೇ ಒಂದು ಗಂಟೆ ಕಳೆದುಕೊಳ್ಳುತ್ತಿತ್ತು. ಅದನ್ನು ಆಫ್ ಮಾಡಿ ಮತ್ತೆ ಒತ್ತಿದಳು. ಗುಯ್ಯ್. ಕಣ್ಣಿಟ್ಟರೆ ಕೆಂಡದಂಥ ಆರಿದ್ರಾ ಹೊಸ್ತಿಲಲ್ಲೇ ನಿಂತಿದೆ! ಅದನ್ನು ನಡುವಿಗೆ ತಂದಳು. ಮಖಾವನ್ನೂ ತಂದಳು. ಪಾಸ್! ರಸೂಲ್ ರಸಮಟ್ಟ ಎತ್ತಿ ಹಿಡಿದು ಕುಣಿದ. ಮಹಾಂತೇಶ, ಮದುವೆಯ ದಿನವೂ ಹಲ್ಲು ಕಾಣಿಸದವನು, ಗಹಗಹಿಸಿ ನಕ್ಕ. ಮೂವರೂ ಅರ್ಧ ಚಂದ್ರನ ಗುಣಿಗಳನ್ನು ಒಬ್ಬರನ್ನೊಬ್ಬರು ತಳ್ಳಿಕೊಂಡು ನೋಡಿದರು.

ಆ ತಿಂಗಳ ಕೊನೆಗೆ, ಅಮಾವಾಸ್ಯೆಯ ಮುಂಚೆ ಎರಡು ದಿನ ಡ್ಯೂಟಿ ಇಲ್ಲದಾಗ, ಹೇಮಾವತಿ ದುರ್ಬೀನನ್ನು ಅಕ್ಕನ ಊರಿಗೆ ಒಯ್ದಳು. ಅವಳು ದೊಡ್ಡಕ್ಕ ಎಂದು ಕರೆಯುವ ಹಿರಿಯ ಅಕ್ಕ ಇರುವುದು ಜಗಳೂರಿನ ಆಚೆಯ ಒಂದು ಹಳ್ಳಿಯಲ್ಲಿ. ಅಲ್ಲಿ ಬೀದಿದೀಪ ಕಡಿಮೆ, ಚುಕ್ಕಿ ಜಾಸ್ತಿ. ಬಸ್ಸಿನಲ್ಲಿ ದುರ್ಬೀನಿಗೆ ಕಿಟಕಿ ಪಕ್ಕದ ಸೀಟು ಕೊಟ್ಟು, ಪೂರಾ ಟಿಕೆಟ್ ಕೇಳಿದಳು. ಆ ಬಸ್ಸಿನ ಕಂಡಕ್ಟರ್ ಹುಡುಗಿ ಸಂಧ್ಯಾರಾಣಿ, "ಹಾಫ್ ಕೊಡ್ಲಾ ಮೇಡಂ? ಗಿಡ್ಡ ಐತಲ್ಲ" ಎಂದಳು.

ಏಳೂವರೆಗೆಲ್ಲ ದೊಡ್ಡಕ್ಕನ ಅಂಗಳದಲ್ಲಿ ಅರ್ಧ ಊರು. ಎಲ್ಲರಿಗಿಂತ ಮುಂದೆ ಮಣೆ ಹಾಕಿಕೊಂಡು ಕೂತವಳು ಎಂಬತ್ತರ ಅಂತರಘಟ್ಟಮ್ಮ. ಯಾವ ಮಳೆಗೆ ಏನು ಬಿತ್ತಬೇಕು ಎಂದು ಊರು ಕೇಳುತ್ತಿದ್ದುದು ಅವಳನ್ನೇ.

"ಯಾವ ಮಳಿ ಚುಕ್ಕಿ ತೋರಿಸ್ಲಜ್ಜಿ?" ಎಂದು ಕೇಳಿದಳು ಹೇಮಾವತಿ.

"ಮಳಿ ತೋರಿಸ್ತೀಯಾ? ಬ್ಯಾಸಿಗ್ಯಾಗೆ?"

"ಮಳಿ ಅಲ್ಲ, ಮಳಿ ಹೆಸರಿನ ಚುಕ್ಕಿ. ಆರಿದ್ರಾ, ಮಖಾ, ಚಿತ್ತಿ, ಸ್ವಾತಿ. ಎಲ್ಲಾ ಮ್ಯಾಲೆ ಐದಾವೆ."

ಅಜ್ಜಿಯ ಬಾಯಿ ತೆರೆದದ್ದು ಮುಚ್ಚಲಿಲ್ಲ. 'ಆರಿದ್ರಾ ಮಳೆ ಆರದೆ ಹುಯ್ಯುತ್ತೆ', 'ಸ್ವಾತಿ ಮಳೆ ಮುತ್ತಿನ ಬೆಳೆ' ಎಂದು ಹುಟ್ಟಿದಾಗಿನಿಂದ ಹೇಳಿಕೊಂಡು ಬಂದವಳಿಗೆ ಆ ಹೆಸರಿಗೆ ಒಂದೊಂದು ಮುಖವೂ ಇದೆಯೆಂದು ಯಾರೂ ತೋರಿಸಿರಲಿಲ್ಲ. ಗುಯ್ಯ್ ಎಂದಾಗಲೆಲ್ಲ ಜನ ಓ ಎಂದರು. ಆರಿದ್ರಾ ಕೆಂಪಗೆ, ಚಿತ್ತಿ ನೀಲಿ ಬೆರೆತ ಬಿಳುಪು, ಸ್ವಾತಿ ಬೆಲ್ಲದ ಪಾಕದ ಬಣ್ಣ.

"ಇದು ಬರೀ ಚುಕ್ಕಿನೇ ಐತಲ್ಲೇ, ದೊಡ್ಡದು ಕಾಣಾಕಿಲ್ಲ" ಎಂದಳು ಅಜ್ಜಿ ಕಣ್ಣು ತೆಗೆಯದೆ.

"ಹೌದಜ್ಜಿ, ನಕ್ಷತ್ರ ಅಷ್ಟು ದೂರ. ಎಂಥ ದುರ್ಬೀನಾದ್ರೂ ಚುಕ್ಕಿನೇ."

"ಆಗ್ಲಿ ಬಿಡು. ಇಷ್ಟು ದೂರದಿಂದ ನಮಗೆ ಮಳಿ ಕಳಿಸ್ತಾನಲ್ಲ, ದೊಡ್ಡ ಮನುಷ್ಯನೇ."

ಆಮೇಲೆ ಗುರು ಗ್ರಹ. ತೆಳು ಪಟ್ಟೆಯ ಪುಟ್ಟ ತಟ್ಟೆ, ಅದರ ಅತ್ತಿತ್ತ ಒಂದೇ ಸಾಲಿನಲ್ಲಿ ನಾಲ್ಕು ಚಂದ್ರರು. ಅಂತರಘಟ್ಟಮ್ಮ ಬೆರಳು ಮಡಿಸಿ ಎಣಿಸಿದಳು, ತಪ್ಪಿತೆಂದು ಮತ್ತೆ ಎಣಿಸಿದಳು, ಹಿಂದೆ ನಿಂತವರು ಬೇಡಿಕೊಂಡರೂ ಮಣೆ ಬಿಡಲಿಲ್ಲ. ದೊಡ್ಡಕ್ಕ ಊಟಕ್ಕೆ ಕರೆದು ಕರೆದು ಸಾಕಾಗಿ, ಸೌಟು ಹಿಡಿದುಕೊಂಡೇ ಬಂದು ಸಾಲಿನಲ್ಲಿ ನಿಂತಳು.

"ನಾಳೀಕೂ ಹಿಂಗೇ ಇರ್ತಾವೇನೇ?" ಎಂದು ಅಜ್ಜಿ ಕೇಳಿದಳು.

"ಇರ್ತಾವೆ. ಆದ್ರೆ ಜಾಗ ಬದ್ಲಾಯಿಸಿರ್ತಾವೆ. ಅವನ ಸುತ್ತ ತಿರುಗ್ತಾವಲ್ಲ."

"ಹಂಗಾರೆ ನಾಳೆ ನೀ ಹೋಗಂಗಿಲ್ಲ. ಯಾವುದು ಎಲ್ಲಿ ಹೋತು ಅಂತ ನಾ ನೋಡ್ಬೇಕು."

ನಾಳಿದ್ದು ಬೆಳಗ್ಗೆ ಐದೂವರೆಗೆ ಡ್ಯೂಟಿ, ನಾಳೆ ಸಂಜೆಗೇ ಊರು ಸೇರಬೇಕು. ಹೇಮಾವತಿ ಅಜ್ಜಿಯನ್ನು ನೋಡಿದಳು, ಅಂಗಳ ತುಂಬಿದ ಮುಖಗಳನ್ನು ನೋಡಿದಳು, ಆಕಾಶ ನೋಡಿದಳು.  ಡಿಪೊದ ಗುಮಾಸ್ತ ಪರಶುರಾಮ್‌ಗೆ ಫೋನು ಹಚ್ಚಿದಳು.

"ನಾಳಿದ್ದು ಒಂದಿನ ರಜಾ ಬೇಕು ಪರಶುರಾಮಣ್ಣ."

"ನೀವಾ? ರಜಾನಾ? ಏನಾತಕ್ಕ, ಆರಾಮದೀರಿಲ್ಲ?"

"ಆರಾಮ್ ಇದೀನಿ. ಇಲ್ಲಿ ಗುರು ಬಂದಾರೆ."

ಆ ಕಡೆ ದನಿ ತಟ್ಟನೆ ತಗ್ಗಿ ಭಕ್ತಿ ತುಂಬಿಕೊಂಡಿತು. "ಹೌದಾ? ಯಾವ ಮಠದ ಗುರುಗಳಕ್ಕ?"

ಹೇಮಾವತಿಗೆ ಒಳಗಿನಿಂದ ನಗು ಒತ್ತರಿಸಿ ಬಂತು. ಸೆರಗಿನಿಂದ ಬಾಯಿ ಮುಚ್ಚಿಕೊಂಡು, ಉಸಿರು ಹಿಡಿದು, "ಮಠ ಗೊತ್ತಿಲ್ಲಣ್ಣ. ನಾಲ್ಕು ಜನ ಶಿಷ್ಯರನ್ನ ಕರ್ಕೊಂಡು ಬಂದಾರೆ" ಎಂದಳು.

"ಅಯ್ಯೋ, ಅಂಥೋರನ್ನ ಬಿಟ್ಟು ಹೆಂಗೆ ಬರ್ತೀರಿ? ನಾ ಬೇರೆಯೋರನ್ನ ಹಾಕ್ತೀನಿ. ನಂದೂ ಒಂದು ನಮಸ್ಕಾರ ಮುಟ್ಟಿಸ್ರಿ."

ಫೋನು ಇಟ್ಟದ್ದೇ ತಡ, ಹೇಮಾವತಿ ಅಂಗಳದ ನೆಲಕ್ಕೆ ಕುಸಿದು, ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು.