ತಡೆಗಂಬಳಿಯ ಕೊನೆಯ ಎಳೆ

ಬಂಡೂರು ಕುರಿಯ ಮಾಂಸ ಎಂದರೆ ಬಾಯಲ್ಲಿ ನೀರೂರಿಸುವವರು ಸೀಮೆಯಲ್ಲೆಲ್ಲ ಇದ್ದರು. ಅದರ ಉಣ್ಣೆ ಏನು ಮಾಡಬಲ್ಲದು ಎಂದು ಗೊತ್ತಿದ್ದದ್ದು ನನ್ನ ಅತ್ತೆಯೊಬ್ಬರಿಗೇ. ಅವರು ನೇಯುತ್ತಿದ್ದ ತಡೆಗಂಬಳಿಯಲ್ಲಿ ಸುತ್ತಿಟ್ಟರೆ ಹೊರಗೆ ವಾರ ಕಳೆದರೂ ಒಳಗಿದ್ದವರಿಗೆ ಒಂದು ಉಸಿರಿನಷ್ಟು ಹೊತ್ತೂ ಕಳೆಯುತ್ತಿರಲಿಲ್ಲ. ಹೆರಿಗೆ ಕಷ್ಟವಾದವರನ್ನು, ಹಾವು ಕಚ್ಚಿದವರನ್ನು ಡಾಕ್ಟರು ಬರುವ ತನಕ ಅದರೊಳಗೆ ಇಡುತ್ತಿದ್ದರು.

ಆ ಉಣ್ಣೆಯನ್ನು ಹರಿಯುವ ನೀರಿನಲ್ಲಿ ತೊಳೆಯುವಂತಿಲ್ಲ, ಕೆರೆಯ ನಿಂತ ನೀರೇ ಆಗಬೇಕು. ಕೊನೆಯ ಎಳೆಯನ್ನು ಗಂಟು ಹಾಕದೆ ಗೇಣುದ್ದ ಜೋತುಬಿಡಬೇಕು. ಸುತ್ತಿದ ಮೇಲೆ ಕಂಬಳಿ ಅಂಚಿಗೆ ಅಂಚು ಕಚ್ಚಿಕೊಂಡುಬಿಡುತ್ತದೆ. ಆ ಎಳೆ ಜಗ್ಗಿದರೆ ಮಾತ್ರ ಬಿಚ್ಚಿಕೊಂಡು ಹೊತ್ತು ನಿಧಾನಕ್ಕೆ ಒಳಗೆ ಹೋಗುತ್ತದೆ. ಕಂಬಳಿಗೆ ಕತ್ತರಿ ಹಾಕಿದರೆ ತಡೆದಿಟ್ಟ ದಿನಗಳೆಲ್ಲ ಒಂದೇ ಸಲ ಒಳಗಿದ್ದವರ ಮೈಮೇಲೆ ಬೀಳುತ್ತವೆ.

ನನಗೋ ಮೂಗಿನ ತುದಿಯಲ್ಲೇ ಕೋಪ, ಮೈತುಂಬ ಜಂಬ. ಎಳೆ ಜೋತಾಡುವ ಕಂಬಳಿ ಸೋಮಾರಿ ಹೆಂಗಸಿನ ಸೆರಗಿನ ಹಾಗೆ ಕಾಣುತ್ತಿತ್ತು. ನಾನೊಬ್ಬಳೇ ನೇಯ್ದ ಮೊದಲ ಕಂಬಳಿಯ ಎಳೆಯನ್ನು ಹಲ್ಲಿನಿಂದ ಕಡಿದು, ಗಂಟು ಹಾಕಿ, ಹುಣಸೆಬೀಜದ ಗಂಜಿ ಮೆತ್ತಿ ಅಂಚಿನೊಳಕ್ಕೆ ತುರುಕಿದೆ. ಹಾಳಾದ ಬುದ್ಧಿ. ಅತ್ತೆಗೆ ಕಣ್ಣು ಮಂಜಾಗಿತ್ತು, ಗೊತ್ತಾಗಲಿಲ್ಲ.

ಆಗ ಯುದ್ಧದ ಕಾಲ. ಕಬ್ಬಿನ ಗದ್ದೆಯಲ್ಲಿ ನಮ್ಮ ಯಜಮಾನರಿಗೆ ಕೊಳಕುಮಂಡಲ ಕಚ್ಚಿತು. ತೂರಾಡುತ್ತ ಮನೆಗೆ ಬಂದಾಗ ಅತ್ತೆ ಉಣ್ಣೆ ತೊಳೆಯಲು ಕೆರೆಗೆ ಹೋಗಿದ್ದರು. ಮನೆಯಲ್ಲಿದ್ದದ್ದು ನನ್ನ ಕಂಬಳಿಯೊಂದೇ. ಗಂಟಿನ ನೆನಪಾಯಿತು, ಆದರೂ ಸುತ್ತಿದೆ. "ಅವ್ವುಂಗೆ..." ಎಂದು ಅವರು ಏನೋ ಹೇಳಹೊರಟರು, ಅಷ್ಟರಲ್ಲಿ ಅಂಚು ಕೂಡಿಕೊಂಡಿತು.

ಮದ್ದು ಮೈಸೂರಿನಿಂದ ರೈಲಿನಲ್ಲಿ ಮದ್ದೂರಿಗೆ ಬಂದು, ಅಲ್ಲಿಂದ ಇದ್ದಿಲಿನಲ್ಲಿ ಓಡುವ ಬಸ್ಸಿನಲ್ಲಿ ಮಳವಳ್ಳಿಯ ಡಾಕ್ಟರ ಕೈ ಸೇರಬೇಕಿತ್ತು. ನಾಲ್ಕು ದಿನ ಹಿಡಿಯಿತು. ನೊಣ ಓಡಿಸುವ ನೆಪದಲ್ಲಿ ನಾನು ಅಂಚನ್ನೆಲ್ಲ ತಡಕಿದೆ. ಉಣ್ಣೆ ಹಿಂಜಿ ಜಡ್ಡುಗಟ್ಟಿದ ಬೆರಳಿಗೆ ಎಲ್ಲ ಕಡೆಯೂ ಒಂದೇ ಒರಟು. ಮಾಡಿದ್ದುಣ್ಣೋ ಮಹರಾಯ ಎನ್ನುತ್ತಾರೆ; ಇಲ್ಲಿ ನಾನು ಮಾಡಿದ್ದನ್ನು ಅವರು ಉಣ್ಣುವ ಹಾಗಾಗಿತ್ತು. ಅತ್ತೆಗೆ ಹೇಳಲು ಮಾತ್ರ ಧೈರ್ಯ ಬರಲಿಲ್ಲ.

ಐದನೆಯ ದಿನ ಡಾಕ್ಟರು ಬಂದವರೇ ಗಾಜಿನ ಕುಪ್ಪಿಯ ಕತ್ತು ಮುರಿದು ಸಿರಿಂಜಿಗೆ ಮದ್ದು ತುಂಬಿದರು. "ಇದೊಂದೇ ಇರೋದು. ಒಡೆದ ಮೇಲೆ ಇಡೋಕಾಗಲ್ಲ. ಬೇಗ ಬಿಚ್ಚಿ."

ಅತ್ತೆ ಅಂಚು ಸವರುತ್ತ, "ಎಳೆ ಎಲ್ಲೈತಮ್ಮಿ?" ಎಂದರು.

"ಗಂಟಾಕ್ಬುಟ್ಟೆ ಅತ್ತೆ. ಎಲ್ಲೈತೋ ಸಿಗ್ತಾ ಇಲ್ಲ."

ಡಾಕ್ಟರು ಕತ್ತರಿ ತೆಗೆದರು. ನಾನು ಕಂಬಳಿಗೆ ಅಡ್ಡ ಬಿದ್ದೆ. "ಕತ್ರುಸ್ಬ್ಯಾಡಿ ಸ್ವಾಮಿ, ನಾಕು ದಿನದ ಇಸ ಒಂದೇ ಸಲಕ್ಕೆ ಏರ್ತದೆ."

ಅತ್ತೆ ಕೆನ್ನೆಗೆ ಬಾರಿಸುತ್ತಾರೆ ಎಂದುಕೊಂಡೆ. ಬಾರಿಸಬೇಕಿತ್ತು ಕೂಡ. "ಎಳೆಯ ಯಾತ್ರಲ್ಲಿ ಕಡ್ದೆ?" ಎಂದಷ್ಟೇ ಕೇಳಿದರು.

"ಬಾಯಲ್ಲಿ ಕಚ್ಚಿ."

"ಮತ್ತೆ ಬೆರಳ್ನ ಯಾಕೆ ಕೇಳ್ತೀಯೆ? ಬಾಯ್ನೇ ಕೇಳು."

ಮೊಣಕಾಲೂರಿ ಅಂಚಿನುದ್ದಕ್ಕೂ ತುಟಿ ಸವರುತ್ತ ಹೋದೆ. ಒರಟು ಉಣ್ಣೆಗೆ ತುಟಿ ಕಿತ್ತು ರಕ್ತ ಬಂತು. ಒಂದು ಅಂಚು ಮುಗಿಯಿತು, ಇಲ್ಲ. ಎರಡನೆಯದೂ ಮುಗಿಯಿತು. ಡಾಕ್ಟರು ಗಡಿಯಾರ ನೋಡುತ್ತಲೇ ಇದ್ದರು. ಪಾದದ ಕಡೆಯ ಮೂಲೆಯಲ್ಲಿ ರಾಗಿ ಕಾಳಿನಷ್ಟು ಗಟ್ಟಿಯಾದದ್ದು ತಗುಲಿತು. ನಾಲಿಗೆ ಇಟ್ಟೆ, ಹುಣಸೆಬೀಜದ ಗಂಜಿಯ ರುಚಿ. ಜೊಲ್ಲಿನಲ್ಲಿ ನೆನೆಸಿ, ಹಲ್ಲಿನಲ್ಲಿ ಗಂಟು ಸಡಿಲಿಸಿ ಎಳೆ ಜಗ್ಗಿದೆ.

ಕಂಬಳಿ ಬಿಚ್ಚಿಕೊಂಡಿತು, ಸೂಜಿ ತೊಡೆಗಿಳಿಯಿತು. ಯಜಮಾನರ ಎದೆ ಅಲುಗಲಿಲ್ಲ. ನನ್ನ ಕೈಯಾರೆ ಕೊಂದೆ ಎಂದುಕೊಂಡೆ. ಆಮೇಲೆ ಅವರ ತುಟಿ ಅದುರಿತು. "ಅವ್ವುಂಗೆ" ಎಂದು ನಾಲ್ಕು ದಿನದ ಹಿಂದೆ ಅರ್ಧಕ್ಕೇ ನಿಂತಿದ್ದ ಮಾತು ಮುಂದುವರಿಯಿತು.

"...ಯೋಳ್ಬ್ಯಾಡ ಕಣಮ್ಮಿ. ಎದ್ರುಕತ್ತದೆ."

ಅಷ್ಟು ದಿನವೂ ಒಂದು ಹನಿ ಕಣ್ಣೀರು ಹಾಕದಿದ್ದ ಅತ್ತೆ ಅಲ್ಲೇ ಕುಸಿದು ಕೂತು ಮಗನ ಪಾದ ಹಿಡಿದುಕೊಂಡರು.

"ಯೋಳಾಕಿಲ್ಲ ಬುಡ್ಲಾ ಮಗ" ಎಂದು ಅಳತೊಡಗಿದರು.